ಕರೆಂಟ್ ಇಲ್ಲದ ಕಂಪ್ಯೂಟರ್: ಶಾಲೆಯಲ್ಲಿ ನಿಜವಾಗಿ ಮಾಡಿ ತೋರಿಸುವಂಥದ್ದು ಏನಿದೆ?

ಸುಂಟಿಕೊಪ್ಪದ ಟೀಚರ್

ಎಲ್ಲರಿಗೂ ನಮಸ್ಕಾರ. ಸುಂಟಿಕೊಪ್ಪದ ಹತ್ತಿರ ಒಂದು ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತೇನೆ. ಮಳೆಗಾಲದಲ್ಲಿ ನಮ್ಮ ಕಡೆ ಕರೆಂಟ್ ಕಥೆ ನಿಮಗೆ ಗೊತ್ತೇ ಇದೆ. ಲೈನ್ ಮೇಲೆ ಒಂದು ಮರ ಬಿದ್ದರೆ ಸಾಕು, ಕಂಪ್ಯೂಟರ್ ಲ್ಯಾಬಿನ ಬಾಗಿಲು ದಿನಗಟ್ಟಲೆ ತೆಗೆಯುವ ಹಾಗೇ ಇಲ್ಲ. ಅಂಥ ಒಂದು ದಿನ ಒಂಬತ್ತನೇ ಕ್ಲಾಸಿನ ಹುಡುಗಿ ಕೇಳಿದಳು: "ಮಿಸ್, ಲೆಕ್ಕ ಮಾಡೋಕೆ ಕರೆಂಟೇ ಯಾಕೆ ಬೇಕು? ನೀರಲ್ಲಿ ಆಗಲ್ವಾ?"

ಪ್ರಶ್ನೆ ನನಗೆ ತುಂಬಾ ಹಿಡಿಸಿತು. ಹುಡುಕಿದರೆ ರಾಶಿ ಹೆಸರು ಸಿಕ್ಕವು. ನೀರಿನ ಕಂಪ್ಯೂಟರ್, ಡಿಎನ್‌ಎ ಕಂಪ್ಯೂಟರ್, ಬೆಳಕಿನ ಕಂಪ್ಯೂಟರ್, ಟೋಕಿಯೊದ ರೈಲು ಮಾರ್ಗ ಬಿಡಿಸಿದ ಯಾವುದೋ ಹಳದಿ ಲೋಳೆ ಜೀವಿ. ಓದಲು ಚೆನ್ನಾಗಿದೆ. ಆದರೆ ಇವೆಲ್ಲ ನಿಜಕ್ಕೂ ಲೆಕ್ಕ ಮಾಡುತ್ತವಾ, ಅಥವಾ ನೋಡುವ ನಾವೇ ಅದನ್ನು ಲೆಕ್ಕ ಅಂತ ಕರೆಯುತ್ತಿದ್ದೇವಾ? ಇದು ನನ್ನ ಮೊದಲ ಪ್ರಶ್ನೆ.

ಎರಡನೆಯದು, ಮಕ್ಕಳ ಕೈಯಲ್ಲಿ ಏನು ಮಾಡಿಸಬಹುದು? ವಿಜ್ಞಾನ ಮೇಳಕ್ಕೆ ಥರ್ಮೊಕೋಲ್ ಕತ್ತರಿಸಿ, ಬಣ್ಣ ಹಚ್ಚಿ, "ಕ್ವಾಂಟಮ್ ಕಂಪ್ಯೂಟರ್" ಅಂತ ಚೀಟಿ ಅಂಟಿಸಿ ನಿಲ್ಲಿಸುವುದು ನನಗೆ ಬೇಡ. ಒಂದು ಕಡೆ ಪ್ರಶ್ನೆ ಹಾಕಿದರೆ ಇನ್ನೊಂದು ಕಡೆ ಉತ್ತರ ಬರಬೇಕು. ಸಣ್ಣದಾದರೂ ಪರವಾಗಿಲ್ಲ. ಖರ್ಚು ಜಾಸ್ತಿ ಮಾಡುವ ಹಾಗಿಲ್ಲ. ತಿಳಿದವರು ದಯವಿಟ್ಟು ಬಿಡಿಸಿ ಹೇಳಿ.

ಗೋಣಿಕೊಪ್ಪ ಇಂಜಿನಿಯರ್ (ನಿವೃತ್ತ)

ಆ ಹುಡುಗಿಗೆ ಹೇಳಿ, ನೀರಲ್ಲಿ ಆಗುತ್ತದೆ. ಆಗಿದೆ ಕೂಡ, ಅದೂ ಆಟಕ್ಕಲ್ಲ, ದೊಡ್ಡ ದೊಡ್ಡ ಕಾಮಗಾರಿಗಳಿಗೆ.

1936ರಲ್ಲಿ ಸೋವಿಯತ್ ರಷ್ಯಾದಲ್ಲಿ ವ್ಲಾದಿಮಿರ್ ಲುಕ್ಯಾನೋವ್ ಎಂಬ ಇಂಜಿನಿಯರ್ ನೀರಿನಿಂದ ಲೆಕ್ಕ ಮಾಡುವ ಯಂತ್ರ ಕಟ್ಟಿದರು. ಅವರು ರೈಲ್ವೆ ಕಾಮಗಾರಿಯಲ್ಲಿದ್ದವರು, ಅಲ್ಲಿ ಕಾಂಕ್ರೀಟ್ ಬಿರುಕು ಬಿಡುವುದು ದೊಡ್ಡ ತಲೆನೋವಾಗಿತ್ತು. ಹೊರಗಿನ ಚಳಿ, ಒಳಗಿನ ಬಿಸಿ, ಕಾಂಕ್ರೀಟಿನ ಯಾವ ಭಾಗ ಯಾವಾಗ ಎಷ್ಟು ತಣ್ಣಗಾಗುತ್ತದೆ ಅಂತ ತಿಳಿಯಬೇಕು. ಸಮೀಕರಣ ಗೊತ್ತಿತ್ತು, ಆದರೆ ಕೈಯಲ್ಲಿ ಬಿಡಿಸಿ ಮುಗಿಸುವಂಥದ್ದಲ್ಲ. ಅವರು ಏನು ಮಾಡಿದರು ನೋಡಿ. ಕಾಂಕ್ರೀಟಿನ ಒಂದೊಂದು ಪದರಕ್ಕೆ ಒಂದೊಂದು ನೀರಿನ ಪಾತ್ರೆ ಇಟ್ಟರು. ಪಾತ್ರೆಯಲ್ಲಿ ನೀರು ಎಷ್ಟು ಎತ್ತರ ಇದೆಯೋ ಅದೇ ಆ ಪದರದ ಉಷ್ಣತೆ. ಪಾತ್ರೆಯ ಅಗಲ ಅಂದರೆ ಆ ಪದರ ಎಷ್ಟು ಶಾಖ ಹಿಡಿದಿಟ್ಟುಕೊಳ್ಳುತ್ತದೆ ಅನ್ನುವುದು. ಒಂದು ಪಾತ್ರೆಯಿಂದ ಇನ್ನೊಂದಕ್ಕೆ ಹೋಗುವ ಸಣ್ಣ ಕೊಳವೆ ಅಂದರೆ ಶಾಖ ದಾಟಲು ಇರುವ ಅಡ್ಡಿ. ನೀರು ಬಿಟ್ಟರು, ಮಟ್ಟ ಇಳಿಯುವುದನ್ನು ಬರೆದುಕೊಂಡರು, ಅಷ್ಟೇ. ಶಾಖ ಹರಿಯುವ ಲೆಕ್ಕವೂ ಸಣ್ಣ ಕೊಳವೆಯಲ್ಲಿ ನೀರು ಹರಿಯುವ ಲೆಕ್ಕವೂ ಕಾಗದದ ಮೇಲೆ ಒಂದೇ ರೂಪದವು, ಹಾಗಾಗಿ ಒಂದನ್ನು ನಡೆಸಿದರೆ ಇನ್ನೊಂದಕ್ಕೆ ಉತ್ತರ ಸಿಗುತ್ತದೆ. ಈ ಬಗೆಯ ಯಂತ್ರಗಳನ್ನು ಅಲ್ಲಿ ದಶಕಗಟ್ಟಲೆ ಬಳಸಿದರು.

1949ರಲ್ಲಿ ನ್ಯೂಜಿಲೆಂಡಿನ ಬಿಲ್ ಫಿಲಿಪ್ಸ್ ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸ್‌ನಲ್ಲಿ ಇನ್ನೊಂದು ತೋರಿಸಿದರು, ಹೆಸರು ಮೋನಿಯಾಕ್. ಆಳೆತ್ತರಕ್ಕಿಂತ ಸ್ವಲ್ಪ ಜಾಸ್ತಿ, ಸುಮಾರು ಎರಡು ಮೀಟರ್. ಬಣ್ಣದ ನೀರು ಅಂದರೆ ದೇಶದ ದುಡ್ಡು. ತೆರಿಗೆ, ಉಳಿತಾಯ, ಆಮದು ಅಂತ ಕವಲೊಡೆದು ಹರಿದು ಮತ್ತೆ ಸೇರುತ್ತದೆ. ತೆರಿಗೆಯ ಗೇಟು ಸ್ವಲ್ಪ ತೆರೆದರೆ ಬೇರೆ ಕಡೆ ಏನಾಗುತ್ತದೆ ಅಂತ ಕಣ್ಣೆದುರೇ ಕಾಣುತ್ತದೆ. ಒಂದು ಡಜನ್‌ಗೂ ಸ್ವಲ್ಪ ಮೇಲೆ ಇಂಥ ಯಂತ್ರಗಳು ತಯಾರಾದವು.

ನಮಗೇ ಸಂಬಂಧಿಸಿದ ಒಂದು ಹೇಳುತ್ತೇನೆ, ಮಕ್ಕಳಿಗೆ ಇಷ್ಟ ಆಗಬಹುದು. ಸಮುದ್ರದ ಭರತ ಇಳಿತ ಮುಂಚಿತವಾಗಿ ಹೇಳಲು ಲಾರ್ಡ್ ಕೆಲ್ವಿನ್ 1870ರ ದಶಕದ ಮೊದಲಲ್ಲಿ ರಾಟೆ ಹಗ್ಗದ ಯಂತ್ರ ರೂಪಿಸಿದರು. ಒಂದೊಂದು ರಾಟೆ ಒಂದೊಂದು ವೇಗದಲ್ಲಿ ಮೇಲೆ ಕೆಳಗೆ ಹೋಗುತ್ತದೆ, ಚಂದ್ರನದ್ದು ಒಂದು, ಸೂರ್ಯನದ್ದು ಒಂದು, ಹೀಗೆ. ಎಲ್ಲದರ ಮೇಲೂ ಒಂದೇ ಹಗ್ಗ ಹಾಯ್ದು ಅಷ್ಟನ್ನೂ ಕೂಡುತ್ತದೆ, ತುದಿಯ ಪೆನ್ನು ಕಾಗದದ ಮೇಲೆ ಗೆರೆ ಎಳೆಯುತ್ತದೆ. 1879ರಲ್ಲಿ ಎಡ್ವರ್ಡ್ ರಾಬರ್ಟ್ಸ್ ಅಂಥದ್ದೇ ಯಂತ್ರವನ್ನು ಭಾರತದ ಬಂದರುಗಳಿಗಾಗಿಯೇ ಸಿದ್ಧಮಾಡಿಸಿದರು. ಯಂತ್ರ ಇದ್ದದ್ದು ಲಂಡನ್ನಿನಲ್ಲಿ, ಲೆಕ್ಕ ನಮ್ಮ ಕರಾವಳಿಯದು.

ನಿಮ್ಮ ಮೊದಲ ಪ್ರಶ್ನೆಗೆ ನನ್ನ ಉತ್ತರ ಇದು. ಯಾವ ಪ್ರಶ್ನೆ ಕೇಳುತ್ತೇವೆ ಅಂತ ಮೊದಲೇ ಗಟ್ಟಿ ಮಾಡಿಕೊಂಡು, ಯಾವುದನ್ನು ಅಳೆದರೆ ಉತ್ತರ ಅಂತಲೂ ಮೊದಲೇ ಹೇಳಿ, ಆಮೇಲೆ ನೀರು ಬಿಟ್ಟರೆ ಅದು ಲೆಕ್ಕ. ಮೊದಲು ನೀರು ಬಿಟ್ಟು ಆಮೇಲೆ ಅರ್ಥ ಹುಡುಕಿದರೆ ಅದು ಲೆಕ್ಕ ಅಲ್ಲ.

ವಿರಾಜಪೇಟೆ ಬಯಾಲಜಿ

ಆ ಹಳದಿ ಲೋಳೆ ಜೀವಿಯ ಬಗ್ಗೆ ನಾನು ಬರೆಯುತ್ತೇನೆ, ಪಿಯು ಮಕ್ಕಳಿಗೆ ಪಾಠ ಮಾಡುವಾಗ ನನಗೆ ಅತಿ ಖುಷಿ ಕೊಡುವ ವಿಷಯ ಅದು.

ಹೆಸರು ಫೈಸೇರಮ್ ಪಾಲಿಸೆಫಲಮ್. ಸ್ಲೈಮ್ ಮೋಲ್ಡ್ ಅಂತಾರೆ, ಆದರೆ ಅದು ಅಣಬೆಯೂ ಅಲ್ಲ, ಗಿಡವೂ ಅಲ್ಲ, ಪ್ರಾಣಿಯೂ ಅಲ್ಲ. ಅಂಗೈ ಅಗಲ ಹರಡಿದರೂ ಅದು ಒಂದೇ ಜೀವಕೋಶ, ಒಳಗೆ ಮಾತ್ರ ಲೆಕ್ಕವಿಲ್ಲದಷ್ಟು ನ್ಯೂಕ್ಲಿಯಸ್‌ಗಳು. ಮಿದುಳಿಲ್ಲ, ನರ ಇಲ್ಲ. 2000ದಲ್ಲಿ ಜಪಾನಿನ ತೋಶಿಯುಕಿ ನಾಕಗಾಕಿ ಮತ್ತು ಜೊತೆಗಾರರು ಅದನ್ನು ಒಂದು ಚಕ್ರವ್ಯೂಹದ ತುಂಬ ಹರಡಿ, ಎರಡು ಬಾಗಿಲಲ್ಲಿ ಆಹಾರ ಇಟ್ಟರು. ಸ್ವಲ್ಪ ಹೊತ್ತಿಗೆ ಸುತ್ತುಬಳಸಿನ ದಾರಿಗಳಿಂದೆಲ್ಲ ಹಿಂದೆ ಸರಿದು ಹತ್ತಿರದ ದಾರಿಯಲ್ಲಿ ಒಂದೇ ಒಂದು ದಪ್ಪ ನಾಳ ಉಳಿಸಿಕೊಂಡಿತು. 2010ರಲ್ಲಿ ಟೋಕಿಯೊ ಪ್ರಯೋಗ. ತಟ್ಟೆಯಲ್ಲಿ ನಕ್ಷೆಯ ಹಾಗೆ, ಟೋಕಿಯೊ ಸುತ್ತಲಿನ 36 ಊರುಗಳು ಬರುವ ಜಾಗದಲ್ಲಿ ಓಟ್ಸ್ ಇಟ್ಟರು. ಬೆಟ್ಟ, ಸಮುದ್ರ ಇರುವ ಕಡೆ ಬೆಳಕು ಬಿಟ್ಟರು, ಯಾಕೆಂದರೆ ಅದಕ್ಕೆ ಬೆಳಕು ಆಗದು. ಒಂದು ದಿನ ಕಳೆಯುವಷ್ಟರಲ್ಲಿ ಅದು ಕಟ್ಟಿಕೊಂಡ ಬಲೆ, ಒಟ್ಟು ಉದ್ದದಲ್ಲೂ ಒಂದು ಕಡೆ ಕಡಿದರೆ ಇನ್ನೊಂದು ದಾರಿ ಇರುವುದರಲ್ಲೂ ನಿಜವಾದ ರೈಲು ಜಾಲಕ್ಕೆ ಸರಿಸಮ ಅನ್ನುವ ಹಾಗಿತ್ತು.

ಹೇಗೆ ಅಂತ ಕೇಳಿದರೆ ನಿಯಮ ತುಂಬ ಸರಳ. ಅದರ ನಾಳಗಳಲ್ಲಿ ರಸ ಹಿಂದಕ್ಕೂ ಮುಂದಕ್ಕೂ ಹರಿಯುತ್ತಲೇ ಇರುತ್ತದೆ. ಜಾಸ್ತಿ ರಸ ಹರಿದ ನಾಳ ದಪ್ಪ ಆಗುತ್ತದೆ, ಕಡಿಮೆ ಹರಿದದ್ದು ಸಣ್ಣಗಾಗಿ ಒಣಗುತ್ತದೆ. ಇಡೀ ಊರಿನ ನಕ್ಷೆ ಯಾವ ಮೂಲೆಯಲ್ಲೂ ಬರೆದಿಟ್ಟಿಲ್ಲ.

ಮಳೆಗಾಲದಲ್ಲಿ ನಮ್ಮ ಕಾಡಂಚಿನ ಕೊಳೆತ ಮರದ ತುಂಡುಗಳನ್ನು ನೋಡಿ, ಹಳದಿ ಅಥವಾ ಬಿಳಿ ಬಲೆ ಹಾಕಿದ ಹಾಗೆ ಸ್ಲೈಮ್ ಮೋಲ್ಡ್‌ಗಳು ಸಿಗುತ್ತವೆ. ಆದರೆ ಅವುಗಳಲ್ಲಿ ಬೇರೆ ಬೇರೆ ಜಾತಿ ಇದೆ, ಸಿಕ್ಕಿದ್ದೆಲ್ಲ ಓಟ್ಸ್ ತಿಂದು ದಾರಿ ಹುಡುಕುತ್ತದೆ ಅಂತ ಮೇಳದ ದಿನ ನಂಬಿ ಕೂರಬೇಡಿ. ಅಂಗಡಿಯ ಚೈನಾ ಗ್ರಾಸ್ ಕುದಿಸಿ ತಟ್ಟೆಗೆ ಹಾಕಿ, ಕತ್ತಲಲ್ಲಿ ಇಟ್ಟು, ದಿನಕ್ಕೆ ಎರಡು ಸಲ ಫೋಟೋ ತೆಗೆದು ಒಂದು ಪಟ್ಟಿ ಮಾಡಿದರೆ ಅದೇ ಒಳ್ಳೆಯ ಪ್ರಾಜೆಕ್ಟ್.

ಡಿಎನ್‌ಎ ಬಗ್ಗೆ ಚಿಕ್ಕದಾಗಿ ಹೇಳುತ್ತೇನೆ, ಅದು ಶಾಲೆಯಲ್ಲಿ ಆಗುವ ಕೆಲಸ ಅಲ್ಲ. 1994ರಲ್ಲಿ ಲಿಯೊನಾರ್ಡ್ ಏಡಲ್ಮನ್ 7 ಊರುಗಳ ಒಂದು ಒಗಟು ಬಿಡಿಸಿದರು, ಪ್ರತಿ ಊರಿಗೂ ಒಂದೇ ಸಲ ಹೋಗಿ ದಾಟುವ ದಾರಿ ಇದೆಯಾ ಅಂತ. ಊರಿಗೊಂದು ಡಿಎನ್‌ಎ ತುಂಡು, ರಸ್ತೆಗೊಂದು ತುಂಡು. ಎಲ್ಲ ಬೆರೆಸಿದರೆ ಒಂದಕ್ಕೊಂದು ಅಂಟಿ ಸಾಧ್ಯವಿರುವ ದಾರಿಗಳೆಲ್ಲ ಒಟ್ಟಿಗೇ ಹುಟ್ಟಿಕೊಂಡವು. ತಪ್ಪು ದಾರಿಗಳನ್ನು ಸೋಸಿ ತೆಗೆಯಲು ಲ್ಯಾಬಿನಲ್ಲಿ ಸುಮಾರು ಒಂದು ವಾರ ಹಿಡಿಯಿತು. ಮರುವರ್ಷವೇ ಯೂರಿಸ್ ಹಾರ್ಟ್‌ಮಾನಿಸ್ ಲೆಕ್ಕ ಹಾಕಿ ತೋರಿಸಿದರು: ಇದೇ ರೀತಿಯಲ್ಲಿ 200 ಊರಿಗೆ ಹೋದರೆ ಬೇಕಾಗುವ ಡಿಎನ್‌ಎ ಭೂಮಿಗಿಂತ ಭಾರ! ಎಲ್ಲ ದಾರಿಗಳನ್ನೂ ಒಟ್ಟಿಗೇ ನೋಡುವುದು ಅಂದರೆ ಎಲ್ಲವನ್ನೂ ಎಲ್ಲಾದರೂ ಇಟ್ಟುಕೊಳ್ಳಲೇಬೇಕು, ಅಲ್ವಾ.

ಸೋಮವಾರಪೇಟೆಯಿಂದ ಬೆಂಗಳೂರಿಗೆ

ಊರು ಸೋಮವಾರಪೇಟೆ, ಈಗ ಬೆಂಗಳೂರಲ್ಲಿ ಚಿಪ್ ಡಿಸೈನ್ ಕೆಲಸ. ಮೇಲಿನವರು ಬರೆದದ್ದು ಓದಿ ಖುಷಿ ಆಯ್ತು, ಆದರೆ ನನ್ನದು ಭಿನ್ನ ಅಭಿಪ್ರಾಯ, ನೇರವಾಗಿ ಹೇಳಿಬಿಡುತ್ತೇನೆ.

ಲುಕ್ಯಾನೋವ್ ಯಂತ್ರ ಅದ್ಭುತ. ಆದರೆ ಅದಕ್ಕೆ ಶಾಖದ ಲೆಕ್ಕ ಬಿಟ್ಟು ಬೇರೆ ಕೊಡಬೇಕಾದರೆ ಕೊಳಾಯಿ ಬಿಚ್ಚಿ ಮತ್ತೆ ಕಟ್ಟಬೇಕು. ಮೋನಿಯಾಕ್‌ನ ಉತ್ತರ ಶೇಕಡ 2ರಷ್ಟು ಆಚೀಚೆ ಅಂತ ಲೆಕ್ಕ. ಇಂಥ ಒಂದು ಯಂತ್ರದ ಉತ್ತರವನ್ನು ಇನ್ನೊಂದಕ್ಕೆ ಕೊಟ್ಟು, ಅದರದ್ದನ್ನು ಮತ್ತೊಂದಕ್ಕೆ ಕೊಟ್ಟು, ಹೀಗೆ ಸಾವಿರ ಹಂತ ಹೋದರೆ ಕೊನೆಗೆ ಉಳಿಯುವುದು ಬರೀ ತಪ್ಪು. ಟ್ರಾನ್ಸಿಸ್ಟರ್, ಅಂದರೆ ಚಿಪ್ ಒಳಗಿನ ಪುಟ್ಟ ಸ್ವಿಚ್, ಗೆದ್ದದ್ದು ಬರೀ ವೇಗದಿಂದ ಅಂತ ಎಲ್ಲರೂ ತಿಳಿದಿದ್ದಾರೆ. ನನ್ನ ಪ್ರಕಾರ ದೊಡ್ಡ ಕಾರಣ ಬೇರೆ. ಒಳಗೆ ಬಂದ ಸಿಗ್ನಲ್ ಸ್ವಲ್ಪ ಕುಗ್ಗಿದ್ದರೂ ಹೊರಗೆ ಹೋಗುವಾಗ ಅದನ್ನು ಮತ್ತೆ ಪೂರ್ತಿ ಒಂದು ಅಥವಾ ಪೂರ್ತಿ ಸೊನ್ನೆ ಮಾಡಿ ಕಳಿಸುತ್ತದೆ. ಪ್ರತಿ ಹಂತದಲ್ಲೂ ತಪ್ಪು ತೊಳೆದುಹೋಗುತ್ತದೆ. ಆ ಗುಣ ಇಲ್ಲದ ವಸ್ತುವಿನಲ್ಲಿ ಉದ್ದದ ಲೆಕ್ಕ ಸಾಗುವುದಿಲ್ಲ, ನೀರಾಗಲಿ, ಬೆಳಕಾಗಲಿ, ಲೋಳೆಯಾಗಲಿ.

ಬೆಳಕನ್ನೇ ತಗೊಳ್ಳಿ. ಲೇಸರ್ ಬೆಳಕು ಒಂದು ಮಸೂರ ದಾಟಿದರೆ ಸಾಕು, ಚಿತ್ರದ ಫೋರಿಯೆ ರೂಪಾಂತರ, ಅಂದರೆ ಚಿತ್ರವನ್ನು ಅಲೆಗಳಾಗಿ ಬಿಡಿಸುವ ಲೆಕ್ಕ, ಅದರ ಫೋಕಸ್‌ನಲ್ಲಿ ಸಿದ್ಧ. ನಾವು ಚಿಪ್‌ನಲ್ಲಿ ಲಕ್ಷಾಂತರ ಗುಣಾಕಾರ ಮಾಡಿ ಪಡೆಯುವುದನ್ನು ಗಾಜಿನ ಒಂದು ತುಂಡು ಕೊಟ್ಟುಬಿಡುತ್ತದೆ. ಆದರೆ ಒಳಗೆ ಹಾಕುವಾಗ ಅಂಕಿಯನ್ನು ಬೆಳಕು ಮಾಡಬೇಕು, ಹೊರಗೆ ತೆಗೆಯುವಾಗ ಬೆಳಕನ್ನು ಅಂಕಿ ಮಾಡಬೇಕು, ಉಳಿಸಿದ ಶಕ್ತಿಯಲ್ಲಿ ಬಹುಪಾಲು ಆ ಎರಡು ಬಾಗಿಲಲ್ಲೇ ಹೋಗುತ್ತದೆ. ನಮ್ಮಲ್ಲೂ ಕೆಲಸ ನಡೆದಿದೆ. 2024ರಲ್ಲಿ ಬೆಂಗಳೂರಿನ ಐಐಎಸ್‌ಸಿಯ (ಭಾರತೀಯ ವಿಜ್ಞಾನ ಸಂಸ್ಥೆ) ಶ್ರೀತೋಷ್ ಗೋಸ್ವಾಮಿ ತಂಡ ನೇಚರ್ ಪತ್ರಿಕೆಯಲ್ಲಿ ಒಂದು ಅಣುಗಳ ತೆಳು ಪದರದ ಬಗ್ಗೆ ಬರೆದರು. ಸೊನ್ನೆ ಒಂದು ಅನ್ನುವ ಎರಡೇ ಸ್ಥಿತಿ ಅಲ್ಲ, ಅದರಲ್ಲಿ 16,500 ಸ್ಥಿತಿಗಳನ್ನು ಬೇರೆ ಬೇರೆಯಾಗಿ ಇಡಬಹುದು. ಅದೂ ಕರೆಂಟಿನಲ್ಲೇ ನಡೆಯುವುದು, ಆದರೆ ಲೆಕ್ಕ ಮಾಡುವ ಬಗೆ ಹಳೆಯದಲ್ಲ. ಇನ್ನೊಬ್ಬರು ಮನು ಪ್ರಕಾಶ್, ಕಾಗದದ ಮೈಕ್ರೊಸ್ಕೋಪ್ ಫೋಲ್ಡ್‌ಸ್ಕೋಪ್ ಮಾಡಿದವರು. 2015ರಲ್ಲಿ ಸ್ಟ್ಯಾನ್‌ಫರ್ಡ್‌ನಲ್ಲಿ ಅವರ ತಂಡ ನೀರಿನ ಹನಿಗಳಲ್ಲಿ ಲಾಜಿಕ್, ಅಂದರೆ ಹೌದು-ಅಲ್ಲ ಲೆಕ್ಕ, ಮಾಡಿತು. ಹನಿಯೊಳಗೆ ಕಾಂತಕ್ಕೆ ಒಲಿಯುವ ಕಣಗಳು, ಹೊರಗಿನ ಕಾಂತಕ್ಷೇತ್ರ ತಿರುಗಿದಂತೆ ಎಲ್ಲ ಹನಿಗಳೂ ಒಂದೇ ತಾಳಕ್ಕೆ ಹೆಜ್ಜೆ ಹಾಕುತ್ತವೆ. ವೇಗದ ಕಂಪ್ಯೂಟರ್ ಅವರ ಗುರಿ ಅಲ್ಲ, ಹನಿಯಲ್ಲಿರುವ ವಸ್ತುವನ್ನೇ ಲೆಕ್ಕದ ಪ್ರಕಾರ ಎಲ್ಲಿಗೆ ಬೇಕೋ ಅಲ್ಲಿಗೆ ಸಾಗಿಸುವುದು.

ಟೀಚರ್‌ಗೆ ನನ್ನ ಸಲಹೆ ಗೋಲಿ. ಇಳಿಜಾರಾಗಿ ನಿಲ್ಲಿಸಿದ ಒಂದು ಹಲಗೆ, ಅದರ ಮೇಲೆ ಮೊಳೆಯಲ್ಲಿ ತಿರುಗುವ ನಾಲ್ಕು ಮರದ ತುಂಡುಗಳು. ಒಂದೊಂದೂ ಎಡಕ್ಕೋ ಬಲಕ್ಕೋ ವಾಲಿ ನಿಲ್ಲಬೇಕು, ನಡುವೆ ನಿಲ್ಲಬಾರದು. ಗೋಲಿ ಬಂದು ಬಡಿದಾಗ ತುಂಡು ಇನ್ನೊಂದು ಬದಿಗೆ ವಾಲುತ್ತದೆ. ಮೊದಲ ಸಲ ಗೋಲಿ ಹೊರಗೆ ಬೀಳುತ್ತದೆ, ಎರಡನೇ ಸಲ ಕೆಳಗಿನ ತುಂಡಿಗೆ ಹೋಗುತ್ತದೆ. ಅಂದರೆ ಎರಡಕ್ಕೆ ಒಂದು ಮಾತ್ರ ಕೆಳಗೆ ದಾಟುತ್ತದೆ. ನಾಲ್ಕು ತುಂಡು ಇದ್ದರೆ ಸೊನ್ನೆಯಿಂದ 15ರವರೆಗೆ ಬೈನರಿಯಲ್ಲಿ, ಅಂದರೆ ಬರೀ ಸೊನ್ನೆ ಒಂದುಗಳಲ್ಲಿ, ಎಣಿಸುತ್ತದೆ; ವಾಲಿದ ತುಂಡುಗಳ ಬೆಲೆ ಮೇಲಿನಿಂದ 1, 2, 4, 8 ಅಂತ ಕೂಡಿಕೊಳ್ಳಬೇಕು. ಎಲ್ಲವನ್ನೂ ಸೊನ್ನೆಗೆ ಇಟ್ಟು ಐದು ಗೋಲಿ ಬಿಡಿ, ಆಮೇಲೆ ಆರು ಬಿಡಿ, ತುಂಡುಗಳು ತೋರಿಸುವುದು ಹನ್ನೊಂದು. ತುಂಡು ಪೂರ್ತಿ ವಾಲುವುದರಿಂದ ಗೋಲಿ ಸ್ವಲ್ಪ ಓರೆಯಾಗಿ ಬಂದರೂ ಉತ್ತರ ಕೆಡುವುದಿಲ್ಲ, ನಾನು ಮೇಲೆ ಹೇಳಿದ ತೊಳೆಯುವ ಗುಣ ಇದೇ. 1960ರ ದಶಕದಲ್ಲಿ ಅಮೆರಿಕದಲ್ಲಿ ಡಿಜಿ-ಕಾಂಪ್ 2 ಅಂತ ಇದೇ ತತ್ವದ ಆಟಿಕೆ ಮಾರುತ್ತಿದ್ದರು.

ಮಕ್ಕಳಿಗೆ ಇನ್ನೊಂದು ಮಾತೂ ಹೇಳಿ. ಕರೆಂಟ್ ಇಲ್ಲ ಅಂದರೆ ಶಕ್ತಿ ಬೇಡ ಅಂತಲ್ಲ. ಗೋಲಿಯನ್ನು ಮೇಲಕ್ಕೆ ಎತ್ತಿಟ್ಟ ಕೈಯೇ ಅದರ ಬ್ಯಾಟರಿ. 1961ರಲ್ಲಿ ರಾಲ್ಫ್ ಲ್ಯಾಂಡಾವರ್ ತೋರಿಸಿದ ಪ್ರಕಾರ ಒಂದು ಬಿಟ್ (ಒಂದು ಸೊನ್ನೆ ಅಥವಾ ಒಂದು) ಅಳಿಸಿದರೂ ಅದಕ್ಕೆ ಇಷ್ಟಾದರೂ ಶಾಖ ಹೊರಬರಲೇಬೇಕು, ಯಂತ್ರ ಯಾವುದರಿಂದ ಮಾಡಿದ್ದಾದರೂ ಸರಿ.

ನಾಪೋಕ್ಲು ತೋಟ

ನಾನು ಕಾಫಿ ಬೆಳೆಗಾರ, ಕಂಪ್ಯೂಟರ್ ಓದಿದವನಲ್ಲ. ಆದರೆ ಆ ಕಾಂಕ್ರೀಟ್ ಪಾತ್ರೆಗಳ ವಿಷಯ ಓದಿದಾಗಿಂದ ತಲೆಯಲ್ಲಿ ಒಂದು ವಿಚಾರ ಕೂತಿದೆ.

ನಮ್ಮ ಮನೆಯಲ್ಲಿ ತಾತನ ಕಾಲದಿಂದ ಮಳೆ ಪುಸ್ತಕ ಇದೆ. ಬೆಳಿಗ್ಗೆ ಮಾಪಕದ ನೀರು ಅಳೆದು ಇಂಚು, ಸೆಂಟ್ ಲೆಕ್ಕದಲ್ಲಿ ಬರೆಯುವುದು, ಈ ಕಡೆ ತೋಟ ಇರುವವರಿಗೆಲ್ಲ ಇದು ಅಭ್ಯಾಸ. ಬೇರೆಯವರಿಗೆ ಹೇಳುವುದಾದರೆ ನೂರು ಸೆಂಟ್‌ಗೆ ಒಂದು ಇಂಚು, ಅಂದರೆ 25.4 ಮಿಲಿಮೀಟರ್. ಹೂಮಳೆ, ಅಂದರೆ ಕಾಫಿ ಹೂ ಅರಳಿಸುವ ಮಳೆ, ಎಷ್ಟು ಸೆಂಟ್ ಬಿತ್ತು ಅನ್ನುವುದರ ಮೇಲೆ ನಮ್ಮ ಇಡೀ ವರ್ಷ ನಿಂತಿರುತ್ತದೆ.

ಆ ಪುಸ್ತಕ ನೋಡಿದರೆ ಒಂದು ವಿಷಯ ಎದ್ದು ಕಾಣುತ್ತದೆ. ಜೂನ್ ಮೊದಲಲ್ಲಿ ಒಂದೇ ದಿನ ಮೂರು ಇಂಚು ಬಿದ್ದರೂ ಹೊಳೆ ಅಲುಗಾಡುವುದಿಲ್ಲ. ಜುಲೈ ಕೊನೆಗೆ ಅದೇ ಮೂರು ಇಂಚು ಬಿದ್ದರೆ ಗದ್ದೆ ಮುಳುಗುತ್ತದೆ, ಭಾಗಮಂಡಲದ ಕಡೆ ರಸ್ತೆ ಮೇಲೆ ನೀರು ಬರುತ್ತದೆ. ಮಳೆ ಅಷ್ಟೇ, ಹೊಳೆ ಮಾತ್ರ ಬೇರೆ. ನೆಲ ಮೊದಲೇ ಎಷ್ಟು ಕುಡಿದಿದೆ ಅನ್ನುವುದರ ಮೇಲೆ ಎಲ್ಲ. ಮಳೆ ನಿಂತ ಮೇಲೂ ಹೊಳೆ ಒಂದೇ ಸಲ ಇಳಿಯುವುದಿಲ್ಲ, ಮೊದಲು ಬೇಗ ಇಳಿದು ಆಮೇಲೆ ದಿನಗಟ್ಟಲೆ ನಿಧಾನಕ್ಕೆ ಇಳಿಯುತ್ತದೆ.

ಇದನ್ನು ಡಬ್ಬಗಳಲ್ಲಿ ಮಾಡಲು ಬರುವುದಿಲ್ಲವೇ? ಮೇಲಿನ ಡಬ್ಬ ನೆಲದ ಮೇಲ್ಪದರ, ಕೆಳಗಿನ ಡಬ್ಬ ಆಳದ ಮಣ್ಣು. ಮೇಲಿನ ಡಬ್ಬದ ಪಕ್ಕದಲ್ಲಿ ಸ್ವಲ್ಪ ಎತ್ತರಕ್ಕೆ ಒಂದು ತೂತು. ಅಲ್ಲಿವರೆಗೆ ನೀರು ತುಂಬುವ ತನಕ ಹೊಳೆಗೆ ಏನೂ ಹೋಗುವುದಿಲ್ಲ, ತುಂಬಿದ ಮೇಲೆ ಒಮ್ಮೆಲೇ ಹೋಗುತ್ತದೆ. ಶಾಲೆಗೆ ಮಳೆ ಪುಸ್ತಕದ ಹಳೆ ವರ್ಷಗಳ ಪ್ರತಿ ಬೇಕಾದರೆ ಸಂತೋಷದಿಂದ ಕೊಡುತ್ತೇನೆ. ಈ ಲೆಕ್ಕ ನಮ್ಮ ಮಕ್ಕಳಿಗೆ ಬರಬೇಕು ಅನ್ನುವುದು ನನ್ನ ಆಸೆ. 2018ರ ಆಗಸ್ಟ್‌ನಲ್ಲಿ ಕೊಡಗಿನ ಪ್ರವಾಹ ಕಂಡವರಿಗೆ ಯಾಕೆ ಅಂತ ಹೇಳಬೇಕಾಗಿಲ್ಲ.

ಬೆಂಕಿಪೊಟ್ಟಣ ಕುಶಾಲನಗರ

ಗೋಲಿ, ನೀರು ಎರಡೂ ಸರಿ. ಮೂರನೆಯದೊಂದು ಇದೆ, ಅದಕ್ಕೆ ಬೆಂಕಿಪೊಟ್ಟಣ ಮತ್ತು ಬಣ್ಣದ ಮಣಿ ಸಾಕು, ಮತ್ತು ಅದು ಕಲಿಯುತ್ತದೆ!

1961ರಲ್ಲಿ ಬ್ರಿಟನ್ನಿನ ಡೊನಾಲ್ಡ್ ಮಿಕಿ 304 ಬೆಂಕಿಪೊಟ್ಟಣಗಳಿಂದ ಟಿಕ್-ಟ್ಯಾಕ್-ಟೋ (ಒಂಬತ್ತು ಮನೆಯ ಸೊನ್ನೆ-ಗುಣಿಸು ಆಟ) ಆಡುವ ಯಂತ್ರ ಮಾಡಿದರು, ಹೆಸರು ಮೆನೇಸ್. ಆಟದ ಒಂದೊಂದು ಸ್ಥಿತಿಗೆ ಒಂದೊಂದು ಪೊಟ್ಟಣ, ಒಟ್ಟು ಒಂಬತ್ತು ಬಣ್ಣ, ಮನೆಗೊಂದು, ಪೊಟ್ಟಣದೊಳಗೆ ಆಗ ಖಾಲಿ ಇರುವ ಮನೆಗಳ ಬಣ್ಣದ ಮಣಿಗಳು. ಪೊಟ್ಟಣ ಅಲ್ಲಾಡಿಸಿ ಯಾವ ಮಣಿ ಬಂತೋ ಆ ಮನೆಗೆ ಆಡುವುದು. ಗೆದ್ದರೆ ಆಡಿದ ಪೊಟ್ಟಣಗಳಿಗೆ ಅದೇ ಬಣ್ಣದ ಇನ್ನೂ ಮೂರು ಮಣಿ, ಸಮ ಆದರೆ ಒಂದು ಮಣಿ, ಸೋತರೆ ಆಡಿದ ಮಣಿಯನ್ನು ತೆಗೆದುಬಿಡುವುದು. ಆಡುತ್ತಾ ಆಡುತ್ತಾ ಕೆಟ್ಟ ನಡೆಗಳ ಮಣಿ ಕರಗುತ್ತವೆ.

304 ಪೊಟ್ಟಣ ಜಾಸ್ತಿ ಆಯ್ತು ಅಂದರೆ ಮಾರ್ಟಿನ್ ಗಾರ್ಡ್ನರ್ 1962ರಲ್ಲಿ ಹೆಕ್ಸಾಪಾನ್ ಅನ್ನುವ ಪುಟ್ಟ ಆಟ ಕೊಟ್ಟರು. ಮೂರು ಸಾಲು ಮೂರು ಮನೆಯ ಹಲಗೆ, ಇಬ್ಬರಿಗೂ ಮೂರು ಮೂರು ಪದಾತಿ, ಚೆಸ್‌ನ ಹಾಗೆ ನೇರ ನಡೆ, ಓರೆ ಹೊಡೆತ. ಅದಕ್ಕೆ 24 ಪೊಟ್ಟಣ ಸಾಕು. ಆರನೇ ಕ್ಲಾಸಿನ ಮಗು ಒಂದು ಮಧ್ಯಾಹ್ನ ಕೂತು ಅದನ್ನು ಸೋಲದ ಹಾಗೆ ತಯಾರು ಮಾಡಬಹುದು. ಈಗ ಎಲ್ಲರ ಬಾಯಲ್ಲೂ ಎಐ. ಅದರೊಳಗಿನ ಒಂದು ಮುಖ್ಯ ವಿಚಾರವನ್ನು ಕೈಯಲ್ಲಿ ಹಿಡಿದು ನೋಡಲು ಇದಕ್ಕಿಂತ ಒಳ್ಳೆಯದು ನನಗೆ ಗೊತ್ತಿಲ್ಲ.

ಸುಂಟಿಕೊಪ್ಪದ ಟೀಚರ್

ಇಷ್ಟು ಸಿಗುತ್ತದೆ ಅಂತ ಅಂದುಕೊಂಡಿರಲಿಲ್ಲ, ಎಲ್ಲರಿಗೂ ತುಂಬಾ ಧನ್ಯವಾದ. ಬೆಂಕಿಪೊಟ್ಟಣ ಆರು ಏಳನೇ ಕ್ಲಾಸಿನವರಿಗೆ, ಗೋಲಿ ಎಂಟಕ್ಕೆ. ಮೇಳಕ್ಕೆ ಮಾತ್ರ ನಾಪೋಕ್ಲುವಿನವರ ಹೊಳೆ ಲೆಕ್ಕವೇ ಹೋಗಬೇಕು ಅಂತ ಮಕ್ಕಳೂ ಹಟ ಹಿಡಿದಿದ್ದಾರೆ. ಮಳೆ ಪುಸ್ತಕದ ಪ್ರತಿ ಖಂಡಿತ ಬೇಕು.

ಗೋಣಿಕೊಪ್ಪದ ಇಂಜಿನಿಯರ್ ಸರ್, ಇದು ಆಗುತ್ತದಾ? ಡಬ್ಬಕ್ಕೆ ತೂತು ಮಾಡುವಾಗ ಎಷ್ಟು ದೊಡ್ಡದು ಮಾಡಬೇಕು? ಅದು ಸುಮ್ನೆ ಡಬ್ಬದಿಂದ ನೀರು ಬೀಳುವ ಆಟ ಆಗದೆ ಲೆಕ್ಕ ಆಗಬೇಕಾದರೆ ಏನು ಎಚ್ಚರ ಬೇಕು?

ಗೋಣಿಕೊಪ್ಪ ಇಂಜಿನಿಯರ್ (ನಿವೃತ್ತ)

ಆಗುತ್ತದೆ. ಬೆಳೆಗಾರರು ಹೇಳಿದ್ದನ್ನೇ ಜಪಾನಿನ ಮಸಾಮಿ ಸುಗವಾರ ಟ್ಯಾಂಕ್ ಮಾಡೆಲ್ ಅನ್ನುವ ಹೆಸರಲ್ಲಿ ಜಲವಿಜ್ಞಾನಕ್ಕೆ ಕೊಟ್ಟರು. ಒಂದರ ಕೆಳಗೊಂದು ತೊಟ್ಟಿ, ಪಕ್ಕಕ್ಕೆ ಹೋದ ನೀರು ಹೊಳೆಗೆ, ತಳದಿಂದ ಹೋದದ್ದು ಕೆಳಗಿನ ತೊಟ್ಟಿಗೆ. ಮಳೆಗೆ ಹೊಳೆ ಎಷ್ಟು ಏರುತ್ತದೆ ಅಂತ ಹೇಳಲು ಬಹಳ ದೇಶಗಳಲ್ಲಿ ಬಳಸಿದ್ದಾರೆ, ಕಾಗದದ ಮೇಲೆ ಮತ್ತು ಕಂಪ್ಯೂಟರಿನಲ್ಲಿ. ನೀವು ಅದನ್ನು ನೀರಿನಲ್ಲೇ ಮಾಡುತ್ತೀರಿ.

ತಳಕ್ಕೆ ಬರೀ ತೂತು ಮಾಡಬೇಡಿ. ತೂತಿನಿಂದ ನೀರು ಹೋಗುವ ವೇಗ ಎತ್ತರದ ವರ್ಗಮೂಲದ ಪ್ರಕಾರ ಇರುತ್ತದೆ, ಅಂದರೆ ಎತ್ತರ ನಾಲ್ಕು ಪಟ್ಟು ಆದರೆ ಹರಿವು ಎರಡೇ ಪಟ್ಟು. ನಮಗೆ ಬೇಕಾದದ್ದು ಎತ್ತರ ಎರಡು ಪಟ್ಟಾದರೆ ಹರಿವೂ ಎರಡು ಪಟ್ಟು. ಅದು ಸಿಗುವುದು ಸಣ್ಣ, ಉದ್ದ ಕೊಳವೆಯಲ್ಲಿ ನೀರು ನಿಧಾನವಾಗಿ ಹರಿದಾಗ. ಮೆಡಿಕಲ್ ಶಾಪಿನಲ್ಲಿ ಗ್ಲೂಕೋಸ್ ಹಾಕುವ ಡ್ರಿಪ್ ಸೆಟ್ ಸಿಗುತ್ತದೆ. ಹನಿ ಬೀಳುವ ಬುರುಡೆ ಕತ್ತರಿಸಿ ತೆಗೆಯಿರಿ, ಉಳಿದ ಪೈಪ್ ಸಾಕು, ಇನ್ನೂ ಸಣ್ಣ ಒಳವ್ಯಾಸದ್ದು ಸಿಕ್ಕರೆ ಮತ್ತೂ ಒಳ್ಳೆಯದು. ಹರಿವು ಕಡಿಮೆ ಮಾಡಲು ಅದರ ಚಕ್ರ ಬಿಗಿ ಮಾಡಬೇಡಿ, ಬಿಗಿ ಮಾಡಿದ ಜಾಗ ಮತ್ತೆ ತೂತಿನ ಹಾಗೆಯೇ ವರ್ತಿಸುತ್ತದೆ. ಪೈಪಿನ ಉದ್ದ ಜಾಸ್ತಿ ಮಾಡಿ. ಉದ್ದ ಎರಡು ಪಟ್ಟು, ಹರಿವು ಅರ್ಧ.

ಡಬ್ಬ ನೇರ ಗೋಡೆಯದ್ದಾಗಿರಲಿ, ಮೇಲೆ ಅಗಲ ಕೆಳಗೆ ಸಣ್ಣ ಇರುವುದು ಬೇಡ. ಪೈಪಿನ ಹೊರ ತುದಿಯನ್ನು ಡಬ್ಬದ ತಳದ ಮಟ್ಟಕ್ಕೇ ಕಟ್ಟಿ. ಅದು ಕೆಳಗೆ ನೇತಾಡಿದರೆ ನೀವು ಅಳೆಯುವ ಎತ್ತರ ಒಂದು, ನೀರನ್ನು ತಳ್ಳುವ ಎತ್ತರ ಇನ್ನೊಂದು ಆಗುತ್ತದೆ.

ಇನ್ನು ಪರೀಕ್ಷೆ. ಡಬ್ಬಕ್ಕೆ 16 ಸೆಂಟಿಮೀಟರ್ ನೀರು ತುಂಬಿ ಬಿಡಿ. 16ರಿಂದ 8ಕ್ಕೆ ಇಳಿಯಲು ಎಷ್ಟು ಹೊತ್ತು, 8ರಿಂದ 4ಕ್ಕೆ ಎಷ್ಟು ಹೊತ್ತು ನೋಡಿ. ಎರಡೂ ಒಂದೇ ಬಂದರೆ ಯಂತ್ರ ಸರಿಯಾಗಿದೆ. ಎರಡನೇ ಸಲ ಕಡಿಮೆ ಹೊತ್ತು ಹಿಡಿದರೆ ಪೈಪ್ ಇನ್ನೂ ತೂತಿನಂತೆ ನಡೆಯುತ್ತಿದೆ, ಇನ್ನಷ್ಟು ಉದ್ದ ಬೇಕು. ಈ ಅರ್ಧ ಆಗುವ ಹೊತ್ತೇ ನಿಮ್ಮ ಗಡಿಯಾರ. ಊರಿನ ಹೊಳೆ ಮಳೆ ನಿಂತ ಮೇಲೆ ಅರ್ಧಕ್ಕೆ ಇಳಿಯಲು ಒಂದೂವರೆ ದಿನ, ಡಬ್ಬಕ್ಕೆ ಮೂರು ನಿಮಿಷ ಅಂತಿಟ್ಟುಕೊಳ್ಳಿ, ಆಗ ಡಬ್ಬದ ಒಂದು ನಿಮಿಷ ಅಂದರೆ ಹೊಳೆಯ 12 ಗಂಟೆ. ಮಳೆ ಪುಸ್ತಕದ ಒಂದು ದಿನದ ಮಳೆಯನ್ನು ಎರಡು ನಿಮಿಷದಲ್ಲಿ ಸಮವಾಗಿ ಸುರಿಯಬೇಕು. ಒಂದು ಇಂಚು ಮಳೆಗೆ ಎಷ್ಟು ಲೋಟ ಅಂತ ಮೊದಲೇ ಬರೆದಿಟ್ಟುಕೊಂಡು ಕೊನೆಯವರೆಗೂ ಅದನ್ನೇ ಇಟ್ಟುಕೊಳ್ಳಿ.

ಮೇಲಿನ ಡಬ್ಬದ ಪಕ್ಕದ ದಾರಿ ದಪ್ಪ ಪೈಪ್ ಇರಲಿ, ಅದು ಪ್ರವಾಹ, ಅಲ್ಲಿ ನಿಖರತೆಗಿಂತ ಎಷ್ಟು ಎತ್ತರದಲ್ಲಿದೆ ಅನ್ನುವುದು ಮುಖ್ಯ. ಒಂದು ಜೂನ್ ತಿಂಗಳ ಪುಟ ಓಡಿಸಿ, ಆ ಎತ್ತರವನ್ನು ಹೊಂದಿಸಿಕೊಳ್ಳಿ. ಆಮೇಲೆ ಮುಟ್ಟಬೇಡಿ. ಜುಲೈ ಪುಟ ಓಡಿಸುವ ಮೊದಲು ಹೊಳೆ ಯಾವ ದಿನ ಉಕ್ಕುತ್ತದೆ ಅಂತ ಮಕ್ಕಳು ಕಾಗದದ ಮೇಲೆ ಬರೆಯಬಾರದು, ಡಬ್ಬ ಹೇಳಬೇಕು. ಅದು ಹೇಳಿದ ದಿನಕ್ಕೂ ಆ ವರ್ಷ ಗದ್ದೆಗೆ ನೀರು ಬಂದ ದಿನಕ್ಕೂ ತಾಳೆ ನೋಡಿ. ಸೋಮವಾರಪೇಟೆಯವರು ಹೇಳಿದ ತಪ್ಪು ಸೇರುತ್ತಾ ಹೋಗುವ ಸಮಸ್ಯೆ ಇಲ್ಲೂ ಇದೆ, ಆದರೆ ಇಲ್ಲಿ ಹಂತ ಎರಡೇ, ಮತ್ತು ಉತ್ತರ ದಿನದ ಲೆಕ್ಕದಲ್ಲಿ ಸಿಕ್ಕರೆ ಸಾಕು.

ಇನ್ನೊಂದು. ಎಲ್ಲ ಓಟಗಳನ್ನೂ ದಿನದ ಒಂದೇ ಹೊತ್ತಿನಲ್ಲಿ ಮಾಡಿ. ನೀರು ಒಂದು ಡಿಗ್ರಿ ಬಿಸಿಯಾದರೆ ಸಣ್ಣ ಪೈಪಿನಲ್ಲಿ ಹರಿವು ಸುಮಾರು ಶೇಕಡ 2 ಹೆಚ್ಚುತ್ತದೆ, ನಮ್ಮಲ್ಲಿ ಬೆಳಗಿನ ನೀರಿಗೂ ಮಧ್ಯಾಹ್ನದ ನೀರಿಗೂ ಐದಾರು ಡಿಗ್ರಿ ವ್ಯತ್ಯಾಸ ಸುಲಭವಾಗಿ ಇರುತ್ತದೆ. ಬಟ್ಟೆಯಲ್ಲಿ ಸೋಸಿದ ನೀರನ್ನೇ ಹಾಕಿ, ಒಂದು ಮರಳಿನ ಕಣ ಪೈಪಿನಲ್ಲಿ ಕೂತರೂ ಅಷ್ಟೂ ಲೆಕ್ಕ ಕೆಡುತ್ತದೆ.